ಮ್ಯಾರಿಗ್ರಾಫ್ ಬರೆದಿಟ್ಟ ಕಡಲು: ಏರಿಕೆಯ ಮಿಲಿಮೀಟರುಗಳು ಎಲ್ಲಿಂದ ಬರುತ್ತವೆ?

ಕಡಲ ಮಟ್ಟ ವರ್ಷಕ್ಕೆ ಮೂರು ಮಿಲಿಮೀಟರ್ ಏರುತ್ತಿದೆ, ನಾಲ್ಕು ಮಿಲಿಮೀಟರ್ ಏರುತ್ತಿದೆ ಎಂಬಂತಹ ಸಾಲುಗಳು ಹವಾಮಾನ ಬದಲಾವಣೆಯ ವರದಿಗಳಲ್ಲಿ ಈಗ ಸಾಮಾನ್ಯವಾಗಿವೆ. ಓದುಗರಲ್ಲಿ ಕೆಲವರು ಅದನ್ನು ನಂಬುತ್ತಾರೆ, ಕೆಲವರು ಅನುಮಾನಿಸುತ್ತಾರೆ. ಆ ಮಿಲಿಮೀಟರನ್ನು ಅಳೆದವರು ಯಾರು, ಯಾವುದರಿಂದ ಅಳೆದರು, ಎಲ್ಲಿಂದ ಅಳೆದರು ಎಂದು ಕೇಳುವವರು ಕಡಿಮೆ. ಕಾರವಾರದ ಬಂದರಿನಲ್ಲಿ ಅಮಾವಾಸ್ಯೆ, ಹುಣ್ಣಿಮೆಗಳ ಆಸುಪಾಸಿನಲ್ಲಿ ನೀರು ಸುಮಾರು ಆರು ತಾಸಿನಲ್ಲಿ ಒಂದೂವರೆ ಮೀಟರಿನಷ್ಟು ಏರಿ, ಮತ್ತೆ ಅಷ್ಟೇ ಹೊತ್ತಿನಲ್ಲಿ ಇಳಿಯುತ್ತದೆ. ಅದರ ಮೇಲೆ ಅಲೆಗಳಿವೆ, ಗಾಳಿಯಿದೆ, ದೋಣಿ ಹಾದುಹೋದಾಗಿನ ಕುಲುಕಾಟವಿದೆ. ದಿನಕ್ಕೆರಡು ಬಾರಿ ಸಾವಿರಕ್ಕೂ ಹೆಚ್ಚು ಮಿಲಿಮೀಟರ್ ಏರಿಳಿಯುವ ಮೇಲ್ಮೈಯಲ್ಲಿ ವರ್ಷಕ್ಕೆ ಮೂರು ಮಿಲಿಮೀಟರಿನ ವ್ಯತ್ಯಾಸವನ್ನು ಹಿಡಿಯಬೇಕೆಂದರೆ ಒಂದು ಅಳತೆಕೋಲು ಮತ್ತು ಒಬ್ಬ ಎಚ್ಚರದ ಕಾವಲುಗಾರ ಸಾಲುವುದಿಲ್ಲ. ನೀರು ತನ್ನ ಏರಿಳಿತವನ್ನು ತಾನೇ ಬಿಡುವಿಲ್ಲದೆ ಬರೆದಿಡುವ ವ್ಯವಸ್ಥೆಯೊಂದು ಬೇಕಾಗುತ್ತದೆ. ಅಂತಹ ಉಪಕರಣಕ್ಕೆ ಇಂಗ್ಲಿಷಿನಲ್ಲಿ ಒಂದು ಅಪರೂಪದ ಹೆಸರಿದೆ: ಮ್ಯಾರಿಗ್ರಾಫ್.

ಲ್ಯಾಟಿನ್ ಭಾಷೆಯ ಕಡಲು ಮತ್ತು ಗ್ರೀಕ್ ಭಾಷೆಯ ಬರಹ ಇವೆರಡನ್ನು ಬೆಸೆದು 19ನೇ ಶತಮಾನದಲ್ಲಿ ಹುಟ್ಟಿದ ಪದ ಇದು. ಸ್ವಯಂಚಾಲಿತವಾಗಿ ಉಬ್ಬರವಿಳಿತವನ್ನು ದಾಖಲಿಸುವ ಯಂತ್ರ ಎಂಬುದು ನಿಘಂಟುಗಳು ಕೊಡುವ ಅರ್ಥ. ಆ ಯಂತ್ರ ಕಾಗದದ ಮೇಲೆ ಎಳೆದ ಗೆರೆಗೆ ಮ್ಯಾರಿಗ್ರಾಮ್ ಎಂಬ ಜೊತೆಯ ಪದವೂ ಇದೆ. ಫ್ರೆಂಚರ ಮರೇಗ್ರಾಫ್, ಇಟಲಿಯವರ ಮರೆಯೋಗ್ರಫೋ, ಸ್ಪೇನಿನವರ ಮರೆಓಗ್ರಫೋ ಇವೆಲ್ಲ ಅದೇ ಬುಡದವು, ಮತ್ತು ಆ ಭಾಷೆಗಳಲ್ಲಿ ಇವು ಬಂದರಿನ ನೌಕರನೂ ಆಡುವ ಮಾತುಗಳು. ಇಂಗ್ಲಿಷಿನಲ್ಲಿ ಮಾತ್ರ ಟೈಡ್ ಗೇಜ್ ಎಂಬ ಸಾದಾ ಜೋಡಿಪದ ಗೆದ್ದು, ಮ್ಯಾರಿಗ್ರಾಫ್ ನಿಘಂಟಿನ ಮೂಲೆಗೆ ಸರಿಯಿತು. ಮ್ಯಾರಿಗ್ರಾಮ್ ಪದದ ನಸೀಬು ಸ್ವಲ್ಪ ವಾಸಿ: ಸುನಾಮಿಯನ್ನು ಅಧ್ಯಯನ ಮಾಡುವವರು, ಮುಖ್ಯವಾಗಿ ಅಮೆರಿಕದ ಕರಾವಳಿ ಸಮೀಕ್ಷೆಯ ಹಳೆಯ ಸುರುಳಿಗಳ ಜೊತೆ ಕೆಲಸ ಮಾಡುವವರು, ಅದನ್ನು ಇಂದಿಗೂ ಬಳಸುತ್ತಾರೆ. ಕನ್ನಡದಲ್ಲಿ ಉಬ್ಬರಮಾಪಕ ಎಂದರೆ ಅರ್ಥವಾಗುತ್ತದೆ. ಆದರೆ ಮಾಪಕ ಬೇರೆ, ಲೇಖಿ ಬೇರೆ. ಭೂಕಂಪದ ವಿಷಯದಲ್ಲಿ ನಾವು ಭೂಕಂಪಲೇಖಿ ಎನ್ನುವಾಗ ಗುರುತಿಸುವ ವ್ಯತ್ಯಾಸವೇ ಇಲ್ಲಿಯೂ ಇದೆ. ಆ ಲೆಕ್ಕದಲ್ಲಿ ಮ್ಯಾರಿಗ್ರಾಫ್ ಎಂದರೆ ಉಬ್ಬರಲೇಖಿ. ಈ ವ್ಯತ್ಯಾಸ ಪಾಂಡಿತ್ಯದ ಹಟವಲ್ಲ. ಇಂದು ಕಡಲ ಮಟ್ಟದ ಬಗ್ಗೆ ನಾವು ಆಡುವ ಪ್ರತಿಯೊಂದು ಭರವಸೆಯ ಮಾತೂ ಅಳತೆಯ ಮೇಲೆ ನಿಂತಿರುವುದಕ್ಕಿಂತ ಹೆಚ್ಚಾಗಿ ದಾಖಲೆಯ ಮೇಲೆ ನಿಂತಿದೆ, ಮತ್ತು ದಾಖಲೆ ಇಲ್ಲದ ಕಡೆ ಎಷ್ಟು ಒಳ್ಳೆಯ ಉಪಕರಣವನ್ನು ಇಂದು ತಂದು ಕೂರಿಸಿದರೂ ನಿನ್ನೆಯ ಕಡಲು ಎಲ್ಲಿತ್ತು ಎಂದು ಅದು ಹೇಳಲಾರದು.

ಹಳೆಯ ಮಾದರಿಯ ಯಂತ್ರದ ರಚನೆಯನ್ನು ತುಸು ಹತ್ತಿರದಿಂದ ನೋಡೋಣ. ಧಕ್ಕೆಯ, ಅಂದರೆ ದೋಣಿ ಹಡಗುಗಳು ನಿಲ್ಲುವ ಕಟ್ಟೆಯ, ಅಂಚಿನಲ್ಲಿ ಒಂದು ಬಾವಿ ಅಥವಾ ನೆಟ್ಟಗೆ ನಿಲ್ಲಿಸಿದ ದಪ್ಪ ಕೊಳವೆ ಇರುತ್ತದೆ. ಅದರ ತಳದಲ್ಲಿ, ಅತ್ಯಂತ ಕೆಳಗಿನ ಇಳಿತದಲ್ಲೂ ನೀರಿನಡಿಯೇ ಉಳಿಯುವ ಕಡೆ, ಒಂದು ಸಣ್ಣ ರಂಧ್ರ. ಹೊರಗೆ ಅಲೆ ಎಷ್ಟೇ ಬಡಿದರೂ ಆ ರಂಧ್ರದ ಮೂಲಕ ನೀರು ನಿಧಾನವಾಗಿ ಮಾತ್ರ ಒಳಬಂದು ಹೊರಹೋಗುವುದರಿಂದ, ಒಳಗಿನ ನೀರು ಅಲೆಯನ್ನು ಲೆಕ್ಕಿಸದೆ ಉಬ್ಬರವನ್ನು ಮಾತ್ರ ಹಿಂಬಾಲಿಸುತ್ತದೆ. ಆ ನೀರಿನ ಮೇಲೆ ತೇಲುವ ಟೊಳ್ಳು ಲೋಹದ ಡಬ್ಬಿ, ಅದಕ್ಕೆ ಕಟ್ಟಿದ ತಂತಿ, ತಂತಿ ಹಾದುಹೋಗುವ ರಾಟೆ, ಇನ್ನೊಂದು ತುದಿಯಲ್ಲಿ ತಂತಿಯನ್ನು ಬಿಗಿಯಾಗಿಡುವ ತೂಕದ ಗುಂಡು. ರಾಟೆಯ ತಿರುಗಾಟ ಹಲ್ಲುಗಾಲಿಗಳ ಮೂಲಕ ಕುಗ್ಗಿ ಒಂದು ಪೆನ್ಸಿಲನ್ನು ಅತ್ತಿತ್ತ ಸರಿಸುತ್ತದೆ. ಪೆನ್ಸಿಲಿನ ಎದುರು ಕಾಗದ ಸುತ್ತಿದ ಉರುಳೆಯೊಂದು ಗಡಿಯಾರದ ಬಲದಿಂದ ದಿನಕ್ಕೊಂದು ಸುತ್ತು ತಿರುಗುತ್ತದೆ. ಏರಿದ ನೀರು ಗುಡ್ಡವಾಗಿ, ಇಳಿದ ನೀರು ಕಣಿವೆಯಾಗಿ ಕಾಗದದ ಮೇಲೆ ಮೂಡುತ್ತದೆ. ಒಂದೇ ಕಾಗದವನ್ನು ಹಲವು ದಿನ ಬಿಟ್ಟರೆ ಮರುದಿನದ ಗೆರೆ ಹಿಂದಿನದರ ಪಕ್ಕದಲ್ಲೇ, ಸುಮಾರು ಐವತ್ತು ನಿಮಿಷ ತಡವಾಗಿ, ಇನ್ನೊಂದು ಎಳೆಯಾಗಿ ಸೇರುತ್ತದೆ, ಏಕೆಂದರೆ ಚಂದ್ರ ದಿನಕ್ಕೆ ಅಷ್ಟು ತಡವಾಗಿ ಅದೇ ಸ್ಥಾನಕ್ಕೆ ಬರುತ್ತಾನೆ.

ಯಂತ್ರ ಸರಳವಾದಷ್ಟೂ ಅದರ ತಪ್ಪುಗಳು ಹಲವು. ರಂಧ್ರದಲ್ಲಿ ಹೂಳು ತುಂಬಿದರೆ ಅಥವಾ ಚಿಪ್ಪುಜೀವಿಗಳು ಅಂಟಿದರೆ ಒಳಗಿನ ನೀರು ಹೊರಗಿನದಕ್ಕಿಂತ ಹಿಂದೆ ಬೀಳುತ್ತದೆ, ಉಬ್ಬರದ ತುದಿ ಮೊಂಡಾಗುತ್ತದೆ. ತಂತಿ ರಾಟೆಯ ಮೇಲೆ ಒಂದು ಸಲ ಜಾರಿದರೆ ಅಲ್ಲಿಂದ ಮುಂದಿನ ಇಡೀ ದಾಖಲೆ ಅಷ್ಟು ಮೇಲಕ್ಕೋ ಕೆಳಕ್ಕೋ ಸರಿದಿರುತ್ತದೆ. ಕರಾವಳಿಯ ತೇವದ ಗಾಳಿಗೆ ಕಾಗದ ಹಿಗ್ಗುತ್ತದೆ. ಗಡಿಯಾರ ಹಿಂದೆ ಬೀಳುತ್ತದೆ. ಹೀಗಾಗಿಯೇ ಪಕ್ಕದಲ್ಲೊಂದು ಗುರುತು ಹಾಕಿದ ಅಳತೆಕೋಲನ್ನು ನೆಟ್ಟು, ದಿನವೂ ಒಬ್ಬ ನೌಕರ ಅದನ್ನು ನೋಡಿ ಕಾಗದದ ಮೇಲೆ ಸಮಯ ಮತ್ತು ಮಟ್ಟವನ್ನು ಕೈಯಲ್ಲಿ ಬರೆಯುವ ಪದ್ಧತಿ ಬಂತು. ಇವೆಲ್ಲಕ್ಕಿಂತ ಮುಖ್ಯವಾದದ್ದು ದಡದ ಗಟ್ಟಿ ಕಲ್ಲಿನಲ್ಲೋ ಹಳೆಯ ಕಟ್ಟಡದ ಬುಡದಲ್ಲೋ ಕೂರಿಸಿದ ಎತ್ತರದ ಸ್ಥಿರ ಗುರುತು, ಅಂದರೆ ಬೆಂಚ್‌ಮಾರ್ಕ್. ಯಂತ್ರ ಹಾಳಾಗಬಹುದು, ಧಕ್ಕೆ ಹೊಸದಾಗಬಹುದು. ಬೆಂಚ್‌ಮಾರ್ಕಿಗೂ ಯಂತ್ರದ ಶೂನ್ಯಕ್ಕೂ ಇರುವ ಅಂತರವನ್ನು ಕಾಲಕಾಲಕ್ಕೆ ಅಳೆದಿಟ್ಟಿದ್ದರೆ ಮಾತ್ರ ನೂರು ವರ್ಷದ ಹಿಂದಿನ ಗೆರೆಯನ್ನೂ ಇಂದಿನ ಗೆರೆಯನ್ನೂ ಒಂದೇ ಕಾಗದದ ಮೇಲೆ ಇಡಬಹುದು. ನನ್ನ ಮಟ್ಟಿಗೆ ಈ ಇಡೀ ವ್ಯವಸ್ಥೆಯ ಪ್ರಾಣ ಇರುವುದು ಯಂತ್ರದಲ್ಲಲ್ಲ, ಆ ಕಲ್ಲಿನ ಗುರುತಿನಲ್ಲಿ.

ಇಂತಹ ಯಂತ್ರ ಮೊದಲು ಕೆಲಸಕ್ಕೆ ನಿಂತದ್ದು 1830ರ ದಶಕದ ಆರಂಭದಲ್ಲಿ, ಇಂಗ್ಲೆಂಡಿನ ಥೇಮ್ಸ್ ನದಿಯ ಅಳಿವೆಯ ಬಳಿಯ ಶೀರ್‌ನೆಸ್‌ನಲ್ಲಿ. ಅದಕ್ಕೂ ಮೊದಲು ಆಮ್‌ಸ್ಟರ್‌ಡಾಮ್, ಸ್ಟಾಕ್‌ಹೋಮ್, ಲಿವರ್‌ಪೂಲ್‌ಗಳಲ್ಲಿ 18ನೇ ಶತಮಾನದಿಂದಲೇ ಮಟ್ಟವನ್ನು ಬರೆದಿಡುತ್ತಿದ್ದರು, ಆದರೆ ಅದು ಕಣ್ಣಿನಿಂದ ನೋಡಿ ಬರೆದ ಲೆಕ್ಕ. ಬಂದರಿಗೆ ಹಡಗು ಯಾವಾಗ ಬರಬಹುದು ಎಂಬ ವ್ಯಾವಹಾರಿಕ ಪ್ರಶ್ನೆಗೆ ಉಬ್ಬರದ ತುದಿಯ ಹೊತ್ತು ಮತ್ತು ಎತ್ತರ ಗೊತ್ತಾದರೆ ಸಾಕಿತ್ತು. ಇಡೀ ದಿನದ ಗೆರೆ ಸಿಕ್ಕ ಮೇಲೆ ಮಾತ್ರ ಬೇರೆ ಬಗೆಯ ಪ್ರಶ್ನೆಗಳನ್ನು ಕೇಳುವುದು ಸಾಧ್ಯವಾಯಿತು.

ಮಾಪಕ ಮತ್ತು ಲೇಖಿಗಳ ನಡುವಿನ ವ್ಯತ್ಯಾಸವನ್ನು ಫ್ರಾನ್ಸಿನ ಮಾರ್ಸೇ ನಗರದಷ್ಟು ಚೆನ್ನಾಗಿ ತೋರಿಸುವ ಜಾಗ ಇನ್ನೊಂದಿಲ್ಲ. ದೇಶದ ಎತ್ತರಗಳಿಗೆಲ್ಲ ಒಂದು ಶೂನ್ಯ ಬೇಕೆಂದು ಅಲ್ಲಿ ಬಂಡೆಯಂಚಿಗೆ ಕಟ್ಟಿದ ಮರೇಗ್ರಾಫ್ 1885ರ ಫೆಬ್ರವರಿಯಿಂದ ಬರೆಯತೊಡಗಿತು. ಆ ದಿನದಿಂದ 1896ರ ಕೊನೆಯವರೆಗಿನ ಸರಾಸರಿಯೇ ಫ್ರಾನ್ಸಿನ ಭೂಪಟಗಳ ಸೊನ್ನೆಯಾಯಿತು. ಆ ಯಂತ್ರಕ್ಕೊಂದು ವಿಶೇಷವಿತ್ತು: ಗೆರೆ ಎಳೆಯುವುದರ ಜೊತೆಗೆ, ಗೆರೆಯ ಕೆಳಗಿನ ವಿಸ್ತೀರ್ಣವನ್ನು ತಾನೇ ಕೂಡಿಸುತ್ತ ಹೋಗುವ ಚಕ್ರವೂ ಅದರಲ್ಲಿತ್ತು, ಆದ್ದರಿಂದ ಸರಾಸರಿ ತೆಗೆಯಲು ಗುಮಾಸ್ತರು ಕಾಗದದ ಮುಂದೆ ಕೂರಬೇಕಾಗಿರಲಿಲ್ಲ. ಆದರೆ ಅದು ದುಬಾರಿ. ಆಗ ಫ್ರಾನ್ಸಿನ ಮಟ್ಟಮಾಪನ, ಅಂದರೆ ನೆಲದ ಎತ್ತರಗಳನ್ನು ಅಳೆಯುವ, ಕಾರ್ಯದ ಹೊಣೆ ಹೊತ್ತಿದ್ದ ಶಾರ್ಲ್ ಲಾಲ್ಮಾಂ ಮೆಡಿಮರೇಮೆತ್ರ್ ಎಂಬ ಅಗ್ಗದ ಸಾಧನವೊಂದನ್ನು ರೂಪಿಸಿದ. ಅದರಲ್ಲಿ ತೇಲುವ ಡಬ್ಬಿಯಿಲ್ಲ, ಉರುಳೆಯಿಲ್ಲ. ಸೂಕ್ಷ್ಮರಂಧ್ರಗಳಿರುವ ಬಿಲ್ಲೆಯೊಂದರ ಮೂಲಕ ನೀರು ಎಷ್ಟು ನಿಧಾನವಾಗಿ ಒಸರುತ್ತದೆಯೆಂದರೆ ಕೊಳವೆಯೊಳಗಿನ ನೀರು ಉಬ್ಬರವನ್ನೂ ಬಹುಪಾಲು ಮರೆತು ಸರಾಸರಿ ಮಟ್ಟದ ಆಸುಪಾಸಿನಲ್ಲೇ ನಿಲ್ಲುತ್ತದೆ. ದಿನಕ್ಕೊಮ್ಮೆ ಅದನ್ನು ಓದಿ ಬರೆದರೆ ಮುಗಿಯಿತು. ಬೇಕಾದದ್ದು ಸರಾಸರಿ ಮಾತ್ರ ಎನ್ನುವವರಿಗೆ ಇದು ಸಾಕು. ಆದರೆ ಆ ಕೊಳವೆಯಲ್ಲಿ ಚಂಡಮಾರುತದ ರಾತ್ರಿ ನೀರು ಎಷ್ಟೆತ್ತರಕ್ಕೆ ಬಂದಿತ್ತೆಂಬುದು ಉಳಿಯುವುದಿಲ್ಲ, ದೂರದ ಭೂಕಂಪದಿಂದ ಹೊರಟ ಅಲೆ ಬಂದುಹೋದದ್ದೂ ಉಳಿಯುವುದಿಲ್ಲ.

ಹಾಗೆ ಉಳಿಯುವುದರ ಬೆಲೆ ಏನೆಂಬುದಕ್ಕೆ ನಮ್ಮದೇ ದೇಶದ ಉದಾಹರಣೆಯಿದೆ. ಭಾರತದ ಉಬ್ಬರ ದಾಖಲೆಯ ಆರಂಭ 1870ರ ದಶಕದಲ್ಲಿ, ಕಛ್ ಖಾರಿಯಲ್ಲಿ. ಅಲ್ಲಿ ಕಡಲಿಗೂ ನೆಲಕ್ಕೂ ಇರುವ ಮಟ್ಟದ ಸಂಬಂಧ ಕಾಲಕ್ರಮೇಣ ಬದಲಾಗುತ್ತಿದೆಯೇ ಎಂದು ತಿಳಿಯಲು ಸರ್ವೆ ಆಫ್ ಇಂಡಿಯಾದ ಎ. ಡಬ್ಲ್ಯು. ಬೇರ್ಡ್ ಎಂಬ ಅಧಿಕಾರಿ ಓಖಾ, ಹಂಸ್ತಾಲ್, ನವಾನಾರ್‌ಗಳಲ್ಲಿ ಯಂತ್ರಗಳನ್ನು ಕೂರಿಸಿದ. ಗಮನಿಸಿ: ಪ್ರಶ್ನೆ ಹಡಗಿನದಾಗಿರಲಿಲ್ಲ, ನೆಲ ಮುಳುಗುತ್ತಿದೆಯೇ ಏಳುತ್ತಿದೆಯೇ ಎಂಬುದಾಗಿತ್ತು. 1877ರ ನಂತರ ಈ ಕೆಲಸ ಇಡೀ ಕರಾವಳಿಗೆ ಹಬ್ಬಿತು, ಮುಂಬೈನ ಅಪೋಲೊ ಬಂದರಿನ ದಾಖಲೆ 1878ರಿಂದ ಸಿಗುತ್ತದೆ, ಮತ್ತು ಹಿಂದೂ ಮಹಾಸಾಗರದಲ್ಲೇ ಅಷ್ಟು ಉದ್ದದ ಇನ್ನೊಂದು ದಾಖಲೆಯಿಲ್ಲ. ಈ ಗೆರೆಗಳನ್ನು ಚಂದ್ರ, ಸೂರ್ಯರ ಒಂದೊಂದು ಚಲನೆಗೂ ಸೇರಿದ ಬಿಡಿ ಬಿಡಿ ಏರಿಳಿತಗಳಾಗಿ ಒಡೆದು, ಮತ್ತೆ ಕೂಡಿಸಿ, ಮುಂದಿನ ವರ್ಷದ ಉಬ್ಬರವನ್ನು ಮುಂಚಿತವಾಗಿ ಹೇಳಲು ಭಾರತ ಸರ್ಕಾರಕ್ಕಾಗಿಯೇ 1879ರಲ್ಲಿ ಲಂಡನ್ನಿನಲ್ಲಿ ಹಿತ್ತಾಳೆಯ ಚಕ್ರಗಳ ಯಂತ್ರವೊಂದನ್ನು ಮಾಡಿಸಲಾಯಿತು.

1881ರ ಡಿಸೆಂಬರ್ 31ರಂದು ಕಾರ್ ನಿಕೋಬಾರ್ ಬಳಿ ದೊಡ್ಡ ಭೂಕಂಪವಾಯಿತು. ಬಂಗಾಳ ಕೊಲ್ಲಿಯ ಸುತ್ತ ಹೊಸದಾಗಿ ಕೂರಿಸಿದ್ದ ಯಂತ್ರಗಳು ಅಂದಿನ ಉಬ್ಬರದ ಮೇಲೆ ಸಣ್ಣ ಸಣ್ಣ ಗರಗಸದ ಹಲ್ಲುಗಳಂತಹ ಏರಿಳಿತಗಳನ್ನು ಗೀಚಿದವು. ಅಲೆ ಒಂದು ಮೀಟರನ್ನೂ ಮುಟ್ಟಿರಲಿಲ್ಲ. ದಡದಲ್ಲಿದ್ದವರಿಗೆ ಅದು ದೊಡ್ಡ ಸುದ್ದಿಯೂ ಆಗಿರಲಿಲ್ಲ. ಎರಡು ವರ್ಷ ಕಳೆಯುವ ಮುನ್ನ, 1883ರ ಆಗಸ್ಟ್ 27ರಂದು, ಕ್ರಕಟೋವಾ ಜ್ವಾಲಾಮುಖಿ ಸಿಡಿದಾಗಲೂ ಭಾರತದ ಕರಾವಳಿಯ ಯಂತ್ರಗಳು ಅದನ್ನು ಬರೆದವು, ಬೇರ್ಡ್ ಆ ಕುರಿತು ರಾಯಲ್ ಸೊಸೈಟಿಗೆ ವರದಿ ಕೊಟ್ಟ. ನೂರಿಪ್ಪತ್ತು ವರ್ಷಗಳ ನಂತರ ಆರ್ಟಿಜ್ ಮತ್ತು ಬಿಲ್ಹಾಮ್ ಎಂಬ ಇಬ್ಬರು ಸಂಶೋಧಕರು 1881ರ ಆ ಗೀಚುಗಳನ್ನು ಮತ್ತೆ ಕೈಗೆತ್ತಿಕೊಂಡು, ಅಲೆಗಳು ಯಾವ ಬಂದರಿಗೆ ಎಷ್ಟು ಹೊತ್ತಿಗೆ ಎಷ್ಟು ಎತ್ತರದಲ್ಲಿ ಬಂದವು ಎಂಬುದರಿಂದ ಹಿಂದಕ್ಕೆ ಲೆಕ್ಕ ಹಾಕಿ, ಆ ಭೂಕಂಪದ ತೀವ್ರತೆ ಸುಮಾರು 7.9 ಎಂದೂ ಬಿರುಕು ಎಷ್ಟು ಉದ್ದ ಹರಡಿತ್ತು ಎಂದೂ 2003ರಲ್ಲಿ ಪ್ರಕಟಿಸಿದರು. ಮರುವರ್ಷದ ಡಿಸೆಂಬರ್ 26ರಂದು ಅದೇ ಸಾಲಿನ ಬಿರುಕು ಸೇರಿದಂತೆ ಸಾವಿರ ಕಿಲೋಮೀಟರಿಗೂ ಉದ್ದದ ನೆಲ ಜಾರಿ ಏನಾಯಿತೆಂಬುದು ಎಲ್ಲರಿಗೂ ಗೊತ್ತು. 1881ರಲ್ಲಿ ಸರಾಸರಿಯನ್ನು ಮಾತ್ರ ಕೊಡುವ ಸಾಧನಗಳನ್ನು ಕೂರಿಸಿದ್ದರೆ ಆ ಭೂಕಂಪದ ಅಳತೆ ಇಂದಿಗೂ ಊಹೆಯಲ್ಲೇ ಇರುತ್ತಿತ್ತು. 2004ರ ನಂತರ ಹೈದರಾಬಾದಿನ ಸಾಗರ ಮಾಹಿತಿ ಸೇವಾಕೇಂದ್ರವಾದ ಇನ್‌ಕಾಯ್ಸ್ ಸಂಸ್ಥೆಯಲ್ಲಿ 2007ರ ಅಕ್ಟೋಬರಿನಲ್ಲಿ ಆರಂಭವಾದ ಸುನಾಮಿ ಮುನ್ನೆಚ್ಚರಿಕೆ ಕೇಂದ್ರವೂ ಉಬ್ಬರಮಾಪಕಗಳ ಜಾಲದಿಂದ ಕ್ಷಣಕ್ಷಣದ ಮಾಹಿತಿಯನ್ನು ಪಡೆಯುತ್ತದೆ. ಉಪಕರಣ ಈಗ ರೇಡಾರ್ ಅಥವಾ ಒತ್ತಡದ ಸಂವೇದಕ, ಬರಹ ಉಪಗ್ರಹದ ಮೂಲಕ ಹೋಗುತ್ತದೆ. ಆದರೆ ಕೆಲಸ ಮ್ಯಾರಿಗ್ರಾಫಿನದೇ.

ಈಗ ಏರಿಕೆಯ ಪ್ರಶ್ನೆಗೆ ಬರೋಣ. ಮ್ಯಾರಿಗ್ರಾಫ್ ದಡಕ್ಕೆ ಅಂಟಿಕೊಂಡಿರುವುದರಿಂದ ಅದು ಅಳೆಯುವುದು ಕಡಲನ್ನಲ್ಲ, ಕಡಲಿಗೂ ಆ ನೆಲಕ್ಕೂ ಇರುವ ಅಂತರವನ್ನು. ಸ್ಟಾಕ್‌ಹೋಮಿನಲ್ಲಿ ಕಡಲು ಶತಮಾನಗಳಿಂದ ಇಳಿಯುತ್ತಲೇ ಬಂದಂತೆ ಕಾಣುತ್ತದೆ, ಏಕೆಂದರೆ ಹಿಮಯುಗದ ಮಂಜಿನ ಭಾರ ಕರಗಿದ ಮೇಲೆ ಅಲ್ಲಿನ ನೆಲ ಇನ್ನೂ ಮೇಲೇಳುತ್ತಿದೆ. ಹೂಗ್ಲಿ ನದಿಯ ಡೈಮಂಡ್ ಹಾರ್ಬರ್‌ನಲ್ಲಿ ಏರಿಕೆ ಉಳಿದ ಭಾರತೀಯ ಬಂದರುಗಳಿಗಿಂತ ಬಹಳ ಹೆಚ್ಚು, ಏಕೆಂದರೆ ಮುಖಜಭೂಮಿಯ ಮೆಕ್ಕಲು ನೆಲ ಕುಸಿಯುತ್ತಿದೆ. ವೆನಿಸ್‌ನ ಸ್ಥಿತಿ ಇನ್ನೂ ಕುತೂಹಲಕರ. ಅಲ್ಲಿ ನೀರಿನ ಎತ್ತರವನ್ನು ಇಂದಿಗೂ ಪುಂತಾ ದೆಲ್ಲಾ ಸಲೂತೆ ಎಂಬಲ್ಲಿನ ಮರೆಯೋಗ್ರಫೋದ 1897ರ ಸೊನ್ನೆಯಿಂದಲೇ ಲೆಕ್ಕ ಹಾಕುತ್ತಾರೆ. 1966ರ ನವೆಂಬರ್ 4ರ ಮಹಾಪ್ರವಾಹ 194 ಸೆಂಟಿಮೀಟರ್, 2019ರ ನವೆಂಬರ್ 12ರದು 187 ಸೆಂಟಿಮೀಟರ್ ಎಂಬ ಅಂಕಿಗಳೆಲ್ಲ ಆ ಹಳೆಯ ಸೊನ್ನೆಯಿಂದ ಎಣಿಸಿದವು. ಕಡಲು ಏರಿ, ನೆಲ ಕುಸಿದು, ಅಲ್ಲಿನ ಸಾಮಾನ್ಯ ದಿನದ ಸರಾಸರಿ ಮಟ್ಟವೇ ಈಗ ಆ ಸೊನ್ನೆಗಿಂತ ಸುಮಾರು ಒಂದಡಿ ಮೇಲಿದೆ. 20ನೇ ಶತಮಾನದ ಏರಿಕೆಯಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ನೆಲದ ಕುಸಿತದ್ದು, ಅದರಲ್ಲೂ ಒಂದು ದೊಡ್ಡ ಪಾಲು ಕೈಗಾರಿಕೆಗಳು ಅಂತರ್ಜಲ ಎತ್ತಿದ್ದರಿಂದ ಆದದ್ದು. ಸೊನ್ನೆಯನ್ನು ಇಂದಿನ ಮಟ್ಟಕ್ಕೆ ಸರಿಸಿಕೊಂಡು ಅಂಕಿಗಳನ್ನು ಚಿಕ್ಕದು ಮಾಡಿಕೊಳ್ಳುವ ಆಮಿಷಕ್ಕೆ ಆ ನಗರ ಬಲಿಯಾಗದೇ ಇದ್ದುದರಿಂದ ಈ ಇಡೀ ಕಥೆ ಒಂದೇ ಗೆರೆಯಲ್ಲಿ ಓದಲು ಸಿಗುತ್ತದೆ.

ಪ್ರಪಂಚದ ಸರಾಸರಿಯ ಮಾತು ಬೇರೆ. 1933ರಲ್ಲಿ ಆರಂಭವಾಗಿ ಲಿವರ್‌ಪೂಲ್‌ನಿಂದ ಕೆಲಸ ಮಾಡುವ ಸರಾಸರಿ ಸಮುದ್ರ ಮಟ್ಟದ ಕಾಯಂ ಸೇವಾಕೇಂದ್ರ ಎಲ್ಲ ದೇಶಗಳ ಬಂದರು ದಾಖಲೆಗಳನ್ನು ಒಟ್ಟುಗೂಡಿಸುತ್ತದೆ. 1992ರಲ್ಲಿ ಟೋಪೆಕ್ಸ್-ಪೊಸೈಡನ್ ಉಪಗ್ರಹ ಹಾರಿದ ಮೇಲೆ ತೆರೆದ ಸಾಗರದ ಎತ್ತರವೂ ಸಿಗತೊಡಗಿತು, ಮತ್ತು ಆ ಉಪಗ್ರಹಗಳ ಅಳತೆ ಕಾಲಕ್ರಮೇಣ ಜಾರುತ್ತಿಲ್ಲವೆಂದು ಖಾತರಿಪಡಿಸಿಕೊಳ್ಳುವುದು ದಡದ ಯಂತ್ರಗಳೊಂದಿಗೆ ಹೋಲಿಸಿಯೇ. ಹವಾಮಾನ ಬದಲಾವಣೆಯ ಅಂತರ್‌ಸರ್ಕಾರಿ ಸಮಿತಿಯಾದ ಐಪಿಸಿಸಿಯ ಆರನೇ ವರದಿಯ ಪ್ರಕಾರ 1901ರಿಂದ 2018ರ ನಡುವೆ ಪ್ರಪಂಚದ ಕಡಲ ಮಟ್ಟ ಸುಮಾರು 20 ಸೆಂಟಿಮೀಟರ್ ಏರಿದೆ. 1901ರಿಂದ 1971ರವರೆಗೆ ವರ್ಷಕ್ಕೆ 1.3 ಮಿಲಿಮೀಟರ್ ಇದ್ದ ವೇಗ 2006ರಿಂದ 2018ರ ನಡುವೆ 3.7 ಮಿಲಿಮೀಟರಿಗೆ ಬಂದಿದೆ. ವೇಗ ಹೆಚ್ಚಿದೆ ಎಂದು ಹೇಳಬೇಕಾದರೆ ಹಿಂದಿನ ವೇಗ ಗೊತ್ತಿರಬೇಕು, ಮತ್ತು 1992ಕ್ಕಿಂತ ಹಿಂದಿನದು ಗೊತ್ತಿರುವುದು ಕಾಗದದ ಮೇಲಿನ ಆ ಗೆರೆಗಳಿಂದ ಮಾತ್ರ.

ಭಾರತದ ಮಟ್ಟಿಗೆ ಆಧಾರವಾಗಿ ನಿಲ್ಲುವ ಅಧ್ಯಯನ ಗೋವಾದ ರಾಷ್ಟ್ರೀಯ ಸಾಗರವಿಜ್ಞಾನ ಸಂಸ್ಥೆಯ ಉನ್ನಿಕೃಷ್ಣನ್ ಮತ್ತು ಶಂಕರ್ ಅವರು 2007ರಲ್ಲಿ ಪ್ರಕಟಿಸಿದ್ದು. ನಲವತ್ತು ವರ್ಷಕ್ಕಿಂತ ಉದ್ದದ ದಾಖಲೆಗಳನ್ನು ಮಾತ್ರ ಆಯ್ದುಕೊಂಡು ಅವರು ಉತ್ತರ ಹಿಂದೂ ಮಹಾಸಾಗರದ ಏರಿಕೆ ವರ್ಷಕ್ಕೆ 1.06ರಿಂದ 1.75 ಮಿಲಿಮೀಟರ್, ಸರಾಸರಿ 1.29 ಮಿಲಿಮೀಟರ್ ಎಂದು ಕಂಡುಕೊಂಡರು. 1993ರ ನಂತರದ ಎರಡು ದಶಕಗಳ ಉಪಗ್ರಹದ ಅಳತೆ ಇದೇ ಸಾಗರಕ್ಕೆ ವರ್ಷಕ್ಕೆ ಸುಮಾರು 3.2 ಮಿಲಿಮೀಟರ್ ಎನ್ನುತ್ತದೆ. ನಲವತ್ತು ವರ್ಷದ ಆ ಮಿತಿ ಏಕೆ? ಚಂದ್ರನ ಪಥದ ಓರೆ 18.6 ವರ್ಷಕ್ಕೊಮ್ಮೆ ಸುತ್ತು ಮುಗಿಸುವುದರಿಂದ ಉಬ್ಬರದ ದಾಖಲೆಯ ಕನಿಷ್ಠ ಘಟಕವೇ ಹತ್ತೊಂಬತ್ತು ವರ್ಷ. ಅದರ ಮೇಲೆ ನಮ್ಮ ಕಡಲಿಗೆ ಮುಂಗಾರಿನ ಲಯವಿದೆ. ಮುಂಬೈ ದಾಖಲೆಯಲ್ಲಿ ದಶಕಗಳ ಉದ್ದದ ಏರಿಳಿತಗಳು ಕಾಣುತ್ತವೆ. ಅವು ಮುಂಗಾರು ಮಳೆಯ ದಶಕಗಳ ಏರುಪೇರನ್ನು ಹಿಂಬಾಲಿಸುತ್ತವೆ ಎಂದು ಅದೇ ಸಂಸ್ಥೆಯ ಸಂಶೋಧಕರು ತೋರಿಸಿದ್ದಾರೆ. ಮಳೆ ಹೆಚ್ಚಾದ ವರ್ಷಗಳಲ್ಲಿ ನದಿಗಳ ಸಿಹಿನೀರು ಕರಾವಳಿಯ ಉಪ್ಪನ್ನು ತೆಳುಮಾಡುತ್ತದೆ, ಹಗುರವಾದ ನೀರು ಎತ್ತರಕ್ಕೆ ನಿಲ್ಲುತ್ತದೆ. ಇಪ್ಪತ್ತು ವರ್ಷದ ದಾಖಲೆಯನ್ನು ಹಿಡಿದು ಏರಿಕೆಯ ದರ ಹೇಳುವವರು ಇಂತಹ ಒಂದು ಏರುವ ದಶಕವನ್ನೋ ಇಳಿಯುವ ದಶಕವನ್ನೋ ಹವಾಮಾನ ಬದಲಾವಣೆ ಎಂದು ಓದುವ ಅಪಾಯ ಇಲ್ಲೇ ಇದೆ.

ಕಾರವಾರ ಮತ್ತು ಮಂಗಳೂರುಗಳ ದಾಖಲೆ ಮುಂಬೈಯದರಷ್ಟು ಉದ್ದವೂ ಅಲ್ಲ, ಅಖಂಡವೂ ಅಲ್ಲ. ಆದ್ದರಿಂದ ಕರ್ನಾಟಕ ಕರಾವಳಿಯ ಏರಿಕೆ ಇಂತಿಷ್ಟೇ ಎಂದು ಒಂದು ದಶಮಾಂಶದ ನಿಖರತೆಯಲ್ಲಿ ಹೇಳುವ ಹೇಳಿಕೆಯನ್ನು ಓದಿದಾಗ ಅದು ಯಾವ ಬಂದರಿನ ಎಷ್ಟು ವರ್ಷದ ದಾಖಲೆಯಿಂದ ಬಂತು ಎಂದು ನೋಡಬೇಕು. ಹಲವು ಸಲ ಅದು ಮುಂಬೈ ಅಥವಾ ಕೊಚ್ಚಿಯ ಅಂಕಿಯಾಗಿರುತ್ತದೆ, ಇಲ್ಲವೇ ತೆರೆದ ಅರಬ್ಬೀ ಸಮುದ್ರದ ಉಪಗ್ರಹದ ಸರಾಸರಿಯಾಗಿರುತ್ತದೆ. ಎರಡೂ ತಪ್ಪಲ್ಲ, ಆದರೆ ಎರಡೂ ಕಾರವಾರದ ಧಕ್ಕೆಯದಲ್ಲ.

ವಿಚಿತ್ರವೆಂದರೆ ಇದೇ ಕಾರವಾರ ಒಮ್ಮೆ ಇಡೀ ದೇಶದ ಎತ್ತರಗಳಿಗೆ ಆಧಾರವಾಗಿದ್ದ ಬಂದರುಗಳಲ್ಲೊಂದು. ರೈಲು ನಿಲ್ದಾಣಗಳ ಹಳದಿ ಫಲಕದಲ್ಲಿ ಊರಿನ ಹೆಸರಿನ ಕೆಳಗೆ ಸಮುದ್ರ ಮಟ್ಟದಿಂದ ಇಷ್ಟು ಮೀಟರ್ ಎಂದು ಬರೆದಿರುವುದನ್ನು ಎಲ್ಲರೂ ನೋಡಿರುತ್ತಾರೆ. ಯಾವ ಸಮುದ್ರ, ಯಾವ ಊರಿನ ಸಮುದ್ರ ಎಂದರೆ, 1909ರ ಭಾರತೀಯ ಮಟ್ಟಮಾಪನ ಜಾಲದಲ್ಲಿ ಕರಾಚಿ, ಮುಂಬೈ, ಕಾರವಾರ, ಬೇಪೂರ್, ಕೊಚ್ಚಿ, ನಾಗಪಟ್ಟಣ, ಮದ್ರಾಸ್, ವಿಶಾಖಪಟ್ಟಣ ಮತ್ತು ಒಡಿಶಾದ ಫಾಲ್ಸ್ ಪಾಯಿಂಟ್ ಎಂಬ ಒಂಬತ್ತು ಕಡೆಯ ಸರಾಸರಿ ಸಮುದ್ರ ಮಟ್ಟವನ್ನು ಸೊನ್ನೆಯೆಂದು ಹಿಡಿಯಲಾಗಿತ್ತು. ಒಂಬತ್ತೂ ಕಡೆ ಕಡಲು ಒಂದೇ ಮಟ್ಟದಲ್ಲಿದೆ ಎಂಬ ಊಹೆ ಅದರೊಳಗಿತ್ತು. ಆ ಊಹೆ ನಿಲ್ಲಲಿಲ್ಲ. ನೆಲದ ಮೇಲೆ ಮಟ್ಟ ಹಿಡಿಯುತ್ತ ಮುಂಬೈಯಿಂದ ವಿಶಾಖಪಟ್ಟಣಕ್ಕೆ ಹೋದರೆ ಅಲ್ಲಿನ ಕಡಲು ಇಲ್ಲಿನದಕ್ಕಿಂತ ಸುಮಾರು 30 ಸೆಂಟಿಮೀಟರ್ ಎತ್ತರದಲ್ಲಿ ಕಾಣುತ್ತದೆ, ಏಕೆಂದರೆ ಗಂಗಾ, ಬ್ರಹ್ಮಪುತ್ರ, ಗೋದಾವರಿಗಳ ಸಿಹಿನೀರು ಬೀಳುವ ಬಂಗಾಳ ಕೊಲ್ಲಿ ಅರಬ್ಬೀ ಸಮುದ್ರಕ್ಕಿಂತ ಕಡಿಮೆ ಉಪ್ಪಿನದು, ಹಗುರವಾದದ್ದು. ಸಮುದ್ರ ಮಟ್ಟ ಎಂಬುದು ಒಂದೇ ಒಂದು ಸಪಾಟು ಮೇಲ್ಮೈ ಎಂಬ ಶಾಲಾಪಾಠದ ಕಲ್ಪನೆಯನ್ನು ಬಂದರಿನ ದಾಖಲೆಗಳೇ ಮುರಿದವು.

ಮಳೆಗಾಲದ ಕಡಲ್ಕೊರೆತದ ಸುದ್ದಿಗಳಲ್ಲೂ ಒಂದು ಗೊಂದಲವಿದೆ. ಜೂನ್‌ನಿಂದ ಆಗಸ್ಟ್‌ವರೆಗೆ ಉಳ್ಳಾಲ, ಸೋಮೇಶ್ವರದಿಂದ ಹಿಡಿದು ಉತ್ತರ ಕನ್ನಡದವರೆಗೆ ತೆಂಗಿನ ಮರಗಳು ಉರುಳಿ, ರಸ್ತೆಯಂಚು ಕುಸಿದು, ತಡೆಗೋಡೆಯ ಕಲ್ಲುಗಳು ಚದುರಿದಾಗ ಅದಕ್ಕೆ ಕಡಲ ಮಟ್ಟದ ಏರಿಕೆಯೇ ಕಾರಣ ಎಂದು ಸಲೀಸಾಗಿ ಬರೆಯಲಾಗುತ್ತದೆ. ಆದರೆ ಪಶ್ಚಿಮ ಕರಾವಳಿಯ ಉಬ್ಬರಲೇಖಿಗಳು ಹೇಳುವುದೇ ಬೇರೆ. ಮುಂಗಾರಿನ ತಿಂಗಳುಗಳಲ್ಲಿ ಕರಾವಳಿಯುದ್ದಕ್ಕೂ ತೆಂಕಣಕ್ಕೆ ಸಾಗುವ ಪ್ರವಾಹದಿಂದಾಗಿ ತಳದ ತಣ್ಣೀರು ಮೇಲೆ ಬರುತ್ತದೆ, ಮೀನಿನ ಸಮೃದ್ಧಿಗೂ ಅದೇ ಕಾರಣ. ತಣ್ಣಗಿನ ಭಾರವಾದ ನೀರಿನಿಂದಾಗಿ ಸರಾಸರಿ ಮಟ್ಟ ಮುಂಗಾರಿನ ನಡುವಿನಿಂದ ಕೊನೆಯ ಹೊತ್ತಿಗೆ ವರ್ಷದಲ್ಲೇ ಕೆಳಗಿರುತ್ತದೆ, ಚಳಿಗಾಲದ ಹೊತ್ತಿಗೆ ಮೇಲೇರುತ್ತದೆ. ಅಂದರೆ ದಡ ಕುಸಿಯುವ ತಿಂಗಳುಗಳಲ್ಲಿ ಕಡಲ ಸರಾಸರಿ ಮಟ್ಟ ತಗ್ಗಿರುತ್ತದೆ. ಕೊರೆಯುವುದು ಮುಂಗಾರಿನ ಅಲೆ. ಅದಕ್ಕೆ ನೆರವಾಗುವುದು ಅಳಿವೆ ಬಾಗಿಲುಗಳಲ್ಲಿ ಅಲೆ ತಡೆಯಲು ಕಟ್ಟಿದ ಗೋಡೆಗಳಾದ ಬ್ರೇಕ್‌ವಾಟರ್‌ಗಳು ತಡೆದ ಮರಳು, ಅಣೆಕಟ್ಟುಗಳಲ್ಲಿ ನಿಂತ ಮರಳು, ನದಿಯಿಂದ ಬಾಚಿ ಲಾರಿಗೆ ತುಂಬಿದ ಮರಳು. ರಾಷ್ಟ್ರೀಯ ಕರಾವಳಿ ಸಂಶೋಧನಾ ಕೇಂದ್ರ 1990ರಿಂದ 2018ರವರೆಗಿನ ಚಿತ್ರಗಳನ್ನು ಹೋಲಿಸಿ ದೇಶದ ಮುಖ್ಯಭೂಮಿಯ ಕರಾವಳಿಯಲ್ಲಿ 33.6 ಶೇಕಡಾ ಕೊರೆಯುತ್ತಿದೆ ಎಂದಿತು, ಆದರೆ ಅದೇ ವರದಿಯಲ್ಲಿ 26.9 ಶೇಕಡಾ ಕಡೆ ದಡ ಬೆಳೆಯುತ್ತಿದೆ ಎಂದೂ ಇದೆ. ಇಡೀ ಕಡಲು ಏರುತ್ತಿರುವುದು ಎಲ್ಲ ಕೊರೆತಕ್ಕೂ ಕಾರಣವಾಗಿದ್ದರೆ ಕಾಲುಭಾಗಕ್ಕೂ ಹೆಚ್ಚು ದಡ ಬೆಳೆಯುತ್ತಿರಲಿಲ್ಲ. ಏರಿಕೆ ನಿಜ, ಅದು ಮುಂದಿನ ದಶಕಗಳಲ್ಲಿ ಅಲೆಗೆ ಎತ್ತರದ ಮೆಟ್ಟಿಲು ಕೊಡುತ್ತದೆ ಎಂಬುದೂ ನಿಜ. ಆದರೆ ಇಂದಿನ ಪ್ರತಿ ಕುಸಿತವನ್ನೂ ಅದರ ತಲೆಗೆ ಕಟ್ಟಿದರೆ ಬ್ರೇಕ್‌ವಾಟರ್ ಕಟ್ಟಿದವರೂ ಮರಳು ತೆಗೆದವರೂ ಪ್ರಶ್ನೆಯಿಂದ ಪಾರಾಗುತ್ತಾರೆ.

ಉಬ್ಬರದ ಎತ್ತರ ಕಾನೂನಿನೊಳಕ್ಕೂ ಬಂದಿದೆ. 2019ರ ಜನವರಿ 18ರ ಕರಾವಳಿ ನಿಯಂತ್ರಣ ವಲಯ ಅಧಿಸೂಚನೆಯ ಎಲ್ಲ ಅಂತರಗಳೂ ಉಬ್ಬರ ರೇಖೆಯಿಂದ, ಅಂದರೆ ದೊಡ್ಡ ಭರತದಲ್ಲಿ (ಅಮಾವಾಸ್ಯೆ, ಹುಣ್ಣಿಮೆಗಳ ದೊಡ್ಡ ಉಬ್ಬರದಲ್ಲಿ) ನೀರು ನೆಲದ ಮೇಲೆ ತಲುಪುವ ಅತ್ಯಂತ ಮೇಲಿನ ಗೆರೆಯಿಂದ, ಆರಂಭವಾಗುತ್ತವೆ: ಕಡಲಿಗೆ ಮುಖ ಮಾಡಿದ ಕಡೆ 500 ಮೀಟರ್ ನಿಯಂತ್ರಣ, ಗ್ರಾಮೀಣ ಭಾಗದಲ್ಲಿ ಜನಸಾಂದ್ರತೆಯನ್ನು ನೋಡಿ 50 ಅಥವಾ 200 ಮೀಟರ್ ಕಟ್ಟಡ ನಿಷೇಧ. ನದಿ, ಹಿನ್ನೀರುಗಳಲ್ಲಿ ಉಬ್ಬರದ ಪ್ರಭಾವ ಎಲ್ಲಿಯವರೆಗೆ ಎಂಬುದನ್ನು ಬೇಸಿಗೆಯಲ್ಲಿ ನೀರಿನ ಉಪ್ಪು ಸಾವಿರಕ್ಕೆ ಐದು ಭಾಗ ಇರುವ ಜಾಗವನ್ನು ನೋಡಿ ನಿರ್ಧರಿಸಲಾಗುತ್ತದೆ. ಅಘನಾಶಿನಿಯ ದಡದ ಗಜನಿ ಗದ್ದೆಗಳಲ್ಲಿ ಉಪ್ಪುನೀರು ತಾಳುವ ಕಗ್ಗ ಭತ್ತ ಬೆಳೆಯುವವರಿಗೆ ಈ ಗೆರೆಗಳು ಕಚೇರಿಯ ನಕಾಶೆಯಲ್ಲಷ್ಟೇ ಇರುವಂಥವಲ್ಲ. ಭರತದ ನೀರು ಒಡ್ಡಿನ ತುದಿಗಿಂತ ಒಂದು ಗೇಣು ಮೇಲೆ ಬಂದರೆ ಆ ವರ್ಷದ ಬೆಳೆಯ ಲೆಕ್ಕವೇ ಬದಲಾಗುತ್ತದೆ. ಒಡ್ಡನ್ನು ಎಷ್ಟು ಎತ್ತರಿಸಬೇಕು ಎಂಬ ತೀರ್ಮಾನಕ್ಕೆ ಪ್ರಪಂಚದ ಸರಾಸರಿ ಸಾಲದು, ಆ ಅಳಿವೆಯಲ್ಲೇ ಹಲವು ವರ್ಷ ಬರೆದ ಉಬ್ಬರದ ಗೆರೆ ಬೇಕು.

ಹಳೆಯ ಕಾಗದಗಳನ್ನು ಉಳಿಸುವ ಕೆಲಸ ಬೇರೆಡೆ ಗಂಭೀರವಾಗಿ ನಡೆಯುತ್ತಿದೆ. ಅಮೆರಿಕದ ಸಂಸ್ಥೆಗಳು ಸುನಾಮಿ ದಾಖಲಾದ ಸಾವಿರಾರು ಮ್ಯಾರಿಗ್ರಾಮ್‌ಗಳನ್ನು ಸ್ಕ್ಯಾನ್ ಮಾಡಿ ತೆರೆದಿಟ್ಟಿವೆ. ಲಿವರ್‌ಪೂಲ್ ಸುತ್ತಲಿನ ಹಳೆಯ ಲೆಡ್ಜರ್ ಪುಟಗಳ ಕೈಬರಹವನ್ನು ಸಾರ್ವಜನಿಕ ಸ್ವಯಂಸೇವಕರು ಅಂಕಿಗಳಿಗೆ ಇಳಿಸಿದ್ದಾರೆ. ಸ್ಕ್ಯಾನ್ ಮಾಡಿದರೆ ಮಾತ್ರ ಸಾಲದು, ಏಕೆಂದರೆ ಒಂದೇ ಹಾಳೆಯ ಮೇಲೆ ಹೆಣೆದುಕೊಂಡ ಹಲವು ದಿನಗಳ ಗೆರೆಗಳನ್ನು ಬಿಡಿಸಿ, ಗಡಿಯಾರದ ತಪ್ಪನ್ನೂ ಕಾಗದದ ಹಿಗ್ಗನ್ನೂ ಸರಿಪಡಿಸಿ, ಪಕ್ಕದಲ್ಲಿ ಪೆನ್ಸಿಲಿನಲ್ಲಿ ಬರೆದ ನೌಕರನ ಟಿಪ್ಪಣಿಯನ್ನೂ ಓದಬೇಕಾಗುತ್ತದೆ. ತಂತಿ ಜಾರಿತು, ರಂಧ್ರ ಸ್ವಚ್ಛ ಮಾಡಲಾಯಿತು ಎಂಬಂತಹ ಒಂದು ಸಾಲು ಸಿಕ್ಕರೆ ದಾಖಲೆಯ ಒಂದು ಅನುಮಾನದ ಜಿಗಿತಕ್ಕೆ ಕಾರಣ ಸಿಕ್ಕಂತೆ.

ಮುಂದಿನ ದಾಖಲೆಗೂ ಇದೇ ಅನ್ವಯಿಸುತ್ತದೆ. ಕರ್ನಾಟಕದ ಬಂದರುಗಳಲ್ಲಿ ಧಕ್ಕೆಗಳು ಉದ್ದವಾಗುತ್ತಿವೆ, ಹೂಳೆತ್ತುವ ಕೆಲಸ ನಡೆಯುತ್ತಲೇ ಇರುತ್ತದೆ, ಯಂತ್ರಗಳು ಒಂದು ಕಂಬದಿಂದ ಇನ್ನೊಂದಕ್ಕೆ ಸ್ಥಳಾಂತರವಾಗುತ್ತವೆ. ಪ್ರತಿ ಸ್ಥಳಾಂತರದಲ್ಲೂ ಹೊಸ ಯಂತ್ರದ ಸೊನ್ನೆಯನ್ನು ಹಳೆಯ ಬೆಂಚ್‌ಮಾರ್ಕಿಗೆ ಮಟ್ಟ ಹಿಡಿದು ಜೋಡಿಸಬೇಕು. ಹಳೆಯ ಮತ್ತು ಹೊಸ ಯಂತ್ರಗಳು ಕೆಲವು ತಿಂಗಳಾದರೂ ಜೊತೆಯಾಗಿ ಬರೆಯಬೇಕು. ಬೆಂಚ್‌ಮಾರ್ಕಿನ ಪಕ್ಕದಲ್ಲೊಂದು ಕಾಯಂ ಜಿಪಿಎಸ್ ಗ್ರಾಹಕವಿದ್ದರೆ, ಬೇರ್ಡ್ 1870ರ ದಶಕದಲ್ಲಿ ಕಛ್‌ನಲ್ಲಿ ಕೇಳಿದ ಪ್ರಶ್ನೆಗೆ, ಅಂದರೆ ಏರುತ್ತಿರುವುದು ನೀರೋ ಇಳಿಯುತ್ತಿರುವುದು ನೆಲವೋ ಎಂಬುದಕ್ಕೆ, ಕಾರವಾರದ ಮಟ್ಟಿಗೆ ಪ್ರತ್ಯೇಕ ಉತ್ತರ ಸಿಗುತ್ತದೆ.